ಹಳೆ ಕಾರಿನ ಕೀಲಿ ಸ್ವಿಚ್ಚು: ಸವೆದದ್ದು ತಿಳಿಯುವುದು ಹೇಗೆ, ಬದಲಿಸುವುದು ಹೇಗೆ?



ಸಂಜೆ ಆಫೀಸು ಮುಗಿಸಿ, ನಿಮ್ಮ ಹಳೆಯ ಮಾರುತಿಯಲ್ಲಿ ಕನ್ನಡ ಕಾರ್ಯಕ್ರಮ ಕೇಳುತ್ತಾ ಮನೆ ಕಡೆ ಹೊರಟಿದ್ದೀರಿ ಎಂದುಕೊಳ್ಳಿ. ಗಾಡಿ ಒಂದು ಗುಂಡಿಗೆ ಇಳಿದು ಎದ್ದಿತು. ರೇಡಿಯೊ ಒಂದು ಕ್ಷಣ ಸುಮ್ಮನಾಗಿ ಮತ್ತೆ ಮಾತಾಡಿತು. ಸ್ಟೇಷನ್ನಿನಲ್ಲೇ ಏನೋ ತೊಂದರೆ ಎಂದು ನೀವು ನಮ್ಮನ್ನೇ ಬೈದುಕೊಂಡಿರಿ. ವಾರ ಕಳೆದ ಮೇಲೆ ಒಂದು ಬೆಳಿಗ್ಗೆ ಕೀಲಿ ತಿರುಗಿಸಿದರೆ ಸದ್ದೇ ಇಲ್ಲ. ಮೂರನೇ ಸಲ ತಿರುಗಿಸಿದಾಗ ಗಾಡಿ ಏನೂ ಆಗಿಲ್ಲವೆಂಬಂತೆ ಸ್ಟಾರ್ಟ್ ಆಯಿತು. ಗ್ಯಾರೇಜಿಗೆ ಹೋದಿರಿ. "ಸೆಲ್ಫ್ ಹೋಗಿದೆ" ಎಂಬ ತೀರ್ಪು ಬಂತು. ಸ್ಟಾರ್ಟರ್ ಮೋಟಾರು ಬಿಚ್ಚಿದರು, ಕಟ್ಟಿದರು. ಜೊತೆಗೆ ಹೊಸ ಬ್ಯಾಟರಿಯನ್ನೂ ಹಾಕಿಸಿದರು. ಹದಿನೈದು ದಿನ ಸುಮ್ಮನಿದ್ದ ಗಾಡಿ ಮತ್ತೆ ಅದೇ ಹಾಡು ಶುರುಮಾಡಿತು.

ಹಳೆಯ ಕಾರು ಇಟ್ಟುಕೊಂಡಿರುವ ಅನೇಕರಿಗೆ ಈ ಕಥೆ ಗೊತ್ತು. ಇಂಥ ಕಡೆ ಮೊದಲು ಅನುಮಾನಿಸಬೇಕಾದ ವಸ್ತು ಕೀಲಿಯ ಹಿಂದೆ ಅಡಗಿ ಕೂತಿರುತ್ತದೆ. ಅದೇ ಇಗ್ನಿಷನ್ ಸ್ವಿಚ್ಚು. ಸ್ಟಾರ್ಟರ್ ಮೋಟಾರಿನ ಬೆಲೆಯ ಮುಂದೆ ಅದರ ಬೆಲೆ ಸಣ್ಣದು. ಆದರೆ ಅದು ಕೆಟ್ಟಾಗ ಆಗಬಹುದಾದ ಅನಾಹುತ ಸಣ್ಣದಲ್ಲ. ಓಡುತ್ತಿರುವ ಗಾಡಿಯ ಎಂಜಿನ್ನನ್ನೇ ಅದು ಆರಿಸಿಬಿಡಬಲ್ಲದು. ಆದ್ದರಿಂದ ಹಣ ಖರ್ಚು ಮಾಡುವ ಮುನ್ನ ಅರ್ಧ ಗಂಟೆ ಪರೀಕ್ಷೆಗೆ ಕೊಡಿ. ಹೇಗೆ ಎಂಬುದನ್ನು ಈ ಸಂಚಿಕೆಯಲ್ಲಿ ನೋಡೋಣ.

ಹೆಸರು ಒಂದು, ಭಾಗ ಎರಡು

ನಾವು ಇಗ್ನಿಷನ್ ಸ್ವಿಚ್ ಎಂದು ಕರೆಯುವುದರಲ್ಲಿ ಎರಡು ಬೇರೆ ಬೇರೆ ಭಾಗಗಳಿವೆ. ಮೊದಲನೆಯದು ಕೀಲಿ ಹೋಗುವ ಬೀಗ. ಒಳಗೆ ಚಿಕ್ಕ ಚಿಕ್ಕ ಹಿತ್ತಾಳೆಯ ತಗಡುಗಳು, ಸ್ಪ್ರಿಂಗುಗಳು ಇರುತ್ತವೆ. ಸರಿಯಾದ ಕೀಲಿ ಹಾಕಿದರೆ ಮಾತ್ರ ತಿರುಗುತ್ತದೆ. ಸ್ಟೀರಿಂಗ್ ಲಾಕ್ ಕೂಡ ಇದಕ್ಕೇ ಸೇರಿದ್ದು. ಎರಡನೆಯದು ಬೀಗದ ಬೆನ್ನಿಗೆ ಅಂಟಿಕೊಂಡಿರುವ ಪ್ಲಾಸ್ಟಿಕ್ಕಿನ ವಿದ್ಯುತ್ ಸ್ವಿಚ್ಚು. ಬೀಗದ ಹಿಂಭಾಗದ ಚಪ್ಪಟೆ ನಾಲಿಗೆ ಈ ಸ್ವಿಚ್ಚಿನ ಗಾಡಿಯೊಳಗೆ ಕೂತಿರುತ್ತದೆ. ನೀವು ಕೀಲಿ ತಿರುಗಿಸಿದಾಗ ನಾಲಿಗೆ ತಿರುಗಿ, ಸ್ವಿಚ್ಚಿನೊಳಗಿನ ತಾಮ್ರದ ತುಂಡುಗಳನ್ನು ಒಂದಕ್ಕೊಂದು ತಾಗಿಸುತ್ತದೆ.

ಈ ವ್ಯತ್ಯಾಸ ನೆನಪಿಟ್ಟುಕೊಳ್ಳಿ, ಏಕೆಂದರೆ ದುಡ್ಡು ಉಳಿಯುವುದೇ ಇಲ್ಲಿ. ಕೀಲಿ ತಿರುಗುವುದೇ ಇಲ್ಲ, ಸಿಕ್ಕಿಹಾಕಿಕೊಳ್ಳುತ್ತದೆ, ಎಂಜಿನ್ ಓಡುತ್ತಿರುವಾಗಲೇ ಕೀಲಿ ಕೈಗೆ ಬಂದುಬಿಡುತ್ತದೆ ಎಂದಾದರೆ ಸವೆದಿರುವುದು ಬೀಗ ಅಥವಾ ಕೀಲಿ. ಕೀಲಿ ಸಲೀಸಾಗಿ ತಿರುಗುತ್ತದೆ, ಆದರೆ ಕರೆಂಟು ಮಾತ್ರ ಒಮ್ಮೆ ಬರುತ್ತದೆ ಒಮ್ಮೆ ಇಲ್ಲ ಎಂದಾದರೆ ಸವೆದಿರುವುದು ಹಿಂದಿನ ಸ್ವಿಚ್ಚು. ಅನೇಕ ಕಾರುಗಳಲ್ಲಿ ಹಿಂದಿನ ಸ್ವಿಚ್ಚನ್ನು ಮಾತ್ರ ಬದಲಿಸಬಹುದು. ಹಳೆಯ ಬೀಗ, ಹಳೆಯ ಕೀಲಿ ಹಾಗೆಯೇ ಉಳಿಯುತ್ತವೆ.

ಕೀಲಿಗೆ ಸಾಮಾನ್ಯವಾಗಿ ನಾಲ್ಕು ಸ್ಥಾನಗಳು. ಲಾಕ್‌ನಲ್ಲಿ ಎಲ್ಲವೂ ಬಂದ್. ಎ.ಸಿ.ಸಿ.ಯಲ್ಲಿ ರೇಡಿಯೊದಂತಹ ಸಾಧನಗಳಿಗೆ ಕರೆಂಟು. ಆನ್‌ನಲ್ಲಿ ಅದರ ಜೊತೆಗೆ ಎಂಜಿನ್ನಿನ ಕಿಡಿಗೆ, ಡ್ಯಾಶ್‌ಬೋರ್ಡಿಗೆ, ವೈಪರಿಗೆ, ಬ್ಲೋವರಿಗೆ ಕರೆಂಟು. ಸ್ಟಾರ್ಟ್‌ನಲ್ಲಿ ಸ್ಟಾರ್ಟರಿಗೆ ಕರೆಂಟು. ಕೀಲಿ ಬಿಟ್ಟ ಕೂಡಲೇ ಸ್ಪ್ರಿಂಗು ಅದನ್ನು ಸ್ಟಾರ್ಟ್‌ನಿಂದ ಆನ್‌ಗೆ ಹಿಂದೆ ತರುತ್ತದೆ. ಬ್ಯಾಟರಿಯಿಂದ ಬರುವ ಒಂದು ದಪ್ಪ ತಂತಿಯ ಕರೆಂಟನ್ನು ಈ ಎಲ್ಲ ದಾರಿಗಳಿಗೂ ಹಂಚುವ ಜಂಕ್ಷನ್ ಇದು.

ಏಕೆ ಸವೆಯುತ್ತದೆ?

ತಾಮ್ರದ ತುಂಡುಗಳು ಕೂಡುವಾಗ, ಬೇರ್ಪಡುವಾಗ ಪ್ರತಿ ಸಲವೂ ಸಣ್ಣ ಕಿಡಿ ಹಾರುತ್ತದೆ. ಆ ಕಿಡಿ ಲೋಹದ ಮೇಲ್ಮೈಯನ್ನು ಸ್ವಲ್ಪ ಸ್ವಲ್ಪವೇ ಸುಡುತ್ತದೆ. ಕಪ್ಪು ಪದರ ಕಟ್ಟುತ್ತದೆ, ಗುಳಿ ಬೀಳುತ್ತದೆ. ಒಳಗಿನ ಗ್ರೀಸು ವರ್ಷಗಳಾದ ಮೇಲೆ ಒಣಗಿ ಅಂಟಾಗುತ್ತದೆ. ಮುಂಬಯಿ, ಚೆನ್ನೈಗಳಲ್ಲಿ ಸಮುದ್ರದ ಉಪ್ಪುಗಾಳಿಯೂ ಇದಕ್ಕೆ ಸೇರಿಕೊಳ್ಳುತ್ತದೆ. ದಿನಕ್ಕೆ ಹತ್ತು ಸಲ ಆನ್ ಆಫ್ ಮಾಡುವ ಊರಿನ ಓಡಾಟವಂತೂ ಇದ್ದೇ ಇದೆ.

ಹಳೆಯ ಅನೇಕ ಸಣ್ಣ ಕಾರುಗಳಲ್ಲಿ ಸ್ಟಾರ್ಟರಿನ ಸಾಲೆನಾಯ್ಡಿಗೆ ಹೋಗುವ ಕರೆಂಟು ರಿಲೇ ಇಲ್ಲದೆ ನೇರವಾಗಿ ಈ ಸ್ವಿಚ್ಚಿನ ಮೂಲಕವೇ ಹೋಗುತ್ತದೆ. ಅದು ಕ್ಷಣಕಾಲ 10 ಆಂಪಿಯರಿಗೂ ಮೀರುತ್ತದೆ. ಸಾಲದ್ದಕ್ಕೆ ನಾವು ದೊಡ್ಡ ಹಾರ್ನು, ಫಾಗ್ ಲ್ಯಾಂಪು, ಮ್ಯೂಸಿಕ್ ಸಿಸ್ಟಮ್ಮಿನ ಆಂಪ್ಲಿಫೈಯರ್ ಎಲ್ಲವನ್ನೂ ಇದೇ ತಂತಿಗೆ ಸುತ್ತಿಸಿಬಿಡುತ್ತೇವೆ.

ಒಂದು ಸಣ್ಣ ಲೆಕ್ಕ ನೋಡಿ. ಸವೆದ ಜಾಗದಲ್ಲಿ ಬರೀ ಅರ್ಧ ಓಮ್ ತಡೆ ಹುಟ್ಟಿಕೊಂಡಿತು ಎಂದಿಟ್ಟುಕೊಳ್ಳಿ. ಅದರ ಮೂಲಕ 10 ಆಂಪಿಯರ್ ಹರಿದರೆ 5 ವೋಲ್ಟು ಅಲ್ಲೇ ಕಳೆದುಹೋಗುತ್ತದೆ. ಬ್ಯಾಟರಿಯಲ್ಲಿ 12 ಇದ್ದರೂ ಆಚೆ ತಲುಪುವುದು 7. ಕಳೆದುಹೋದ 5 ವೋಲ್ಟು 50 ವ್ಯಾಟ್ ಶಾಖವಾಗಿ ಮಾರ್ಪಡುತ್ತದೆ. ಹೆಡ್‌ಲೈಟಿನ ಒಂದು ಬಲ್ಬಿನಷ್ಟು ಬಿಸಿ, ಬೆಂಕಿಪೊಟ್ಟಣದಷ್ಟು ಪ್ಲಾಸ್ಟಿಕ್ಕಿನೊಳಗೆ! ಕೀಲಿ ಬೆಚ್ಚಗಾಗುವುದು, ಸ್ಟೀರಿಂಗ್ ಕೆಳಗಿಂದ ಸುಟ್ಟ ವಾಸನೆ ಬರುವುದು ಇದರಿಂದಲೇ.

ಮೊದಲ ಮೀಟರು ನಿಮ್ಮ ಕಿವಿ

ಕೇಳುವುದು ನಿಮಗೆ ಹೊಸದಲ್ಲ. ಗಾಡಿಯನ್ನು ನ್ಯೂಟ್ರಲ್‌ನಲ್ಲಿಟ್ಟು ಹ್ಯಾಂಡ್‌ಬ್ರೇಕ್ ಹಾಕಿ, ಹೆಡ್‌ಲೈಟ್ ಹೊತ್ತಿಸಿ, ಎದುರಿನ ಗೋಡೆಯ ಮೇಲೆ ಬೆಳಕು ಬೀಳುವಂತೆ ನಿಲ್ಲಿಸಿ. ಈಗ ಕೀಲಿಯನ್ನು ಸ್ಟಾರ್ಟ್‌ಗೆ ತಿರುಗಿಸಿ ಗಮನಿಸಿ.

ಟಕ ಟಕ ಟಕ ಎಂದು ವೇಗವಾಗಿ ಸದ್ದು ಬಂದು ಬೆಳಕು ಪೂರ್ತಿ ಮಂಕಾದರೆ ಬ್ಯಾಟರಿ ಸೋತಿದೆ, ಅಥವಾ ಅದರ ಟರ್ಮಿನಲ್ ಸಡಿಲವಾಗಿದೆ. ಬಿಳಿ ಹೂವು ಕಟ್ಟಿದ ಟರ್ಮಿನಲ್ಲನ್ನು ಬಿಸಿನೀರು, ಅಡುಗೆ ಸೋಡಾದಿಂದ ತೊಳೆದು ಬಿಗಿ ಮಾಡಿ ಮತ್ತೆ ನೋಡಿ.

ಒಂದೇ ಸಲ "ಟಕ್" ಎಂದು ಗಟ್ಟಿ ಸದ್ದು ಬಂದು ಎಂಜಿನ್ ತಿರುಗದೇ ಹೋದರೆ ಸ್ಟಾರ್ಟರ್, ಸಾಲೆನಾಯ್ಡು ಅಥವಾ ಮತ್ತೆ ಬ್ಯಾಟರಿಯ ಮೇಲೆ ಅನುಮಾನ. ಇಲ್ಲಿ ಕೀಲಿ ಸ್ವಿಚ್ಚು ತನ್ನ ಕೆಲಸ ಮಾಡಿದೆ.

ಎಂಜಿನ್ ತೀರಾ ನಿಧಾನವಾಗಿ ತಿರುಗಿ, ಬ್ಯಾಟರಿ ಚೆನ್ನಾಗಿಯೇ ಇದ್ದರೆ ಎಂಜಿನ್ನಿನಿಂದ ಬಾಡಿಗೆ ಹೋಗುವ ಅರ್ತ್ ಪಟ್ಟಿ ನೋಡಿ. ಜಂಪರ್ ಕೇಬಲ್ಲಿನ ಒಂದು ತುದಿ ಬ್ಯಾಟರಿಯ ನೆಗೆಟಿವ್‌ಗೆ, ಇನ್ನೊಂದು ಎಂಜಿನ್ನಿನ ಬರಿಯ ಲೋಹಕ್ಕೆ ಹಾಕಿದಾಗ ಚುರುಕಾದರೆ ದೋಷ ಆ ಪಟ್ಟಿಯದು.

ಸದ್ದೇ ಇಲ್ಲ, ಬೆಳಕು ಮಾತ್ರ ಒಂದಿಷ್ಟೂ ಕದಲದೆ ಪ್ರಕಾಶಮಾನವಾಗಿದೆ ಎಂದಾದರೆ ಸ್ಟಾರ್ಟರಿಗೆ ಆಜ್ಞೆಯೇ ತಲುಪಿಲ್ಲ. ಈಗ ಕೀಲಿ ಸ್ವಿಚ್ಚು ಕಟಕಟೆಗೆ ಬರುತ್ತದೆ. ಕೀಲಿಯನ್ನು ಸ್ಟಾರ್ಟ್‌ನಲ್ಲಿ ಹಿಡಿದು ಸ್ವಲ್ಪ ಮೇಲೆ ಕೆಳಗೆ ಅಲುಗಿಸಿದಾಗ ಸ್ಟಾರ್ಟ್ ಆಗಿಬಿಟ್ಟರೆ ಅನುಮಾನ ಗಟ್ಟಿಯಾಯಿತು. ರಿಲೇ ಇರುವ ಗಾಡಿಯಲ್ಲಿ ಅದನ್ನೂ, ಆಟೊಮ್ಯಾಟಿಕ್ ಗಾಡಿಯಲ್ಲಿ ಗೇರಿನ ನ್ಯೂಟ್ರಲ್ ಸ್ವಿಚ್ಚನ್ನೂ ನೋಡಬೇಕು. ತಂತಿ ಕಿತ್ತಿರಲೂಬಹುದು. ಡ್ಯಾಶ್‌ಬೋರ್ಡಿನಲ್ಲಿ ಕೀಲಿಯ ಚಿಹ್ನೆ ಮಿನುಗುತ್ತಿದ್ದರೆ ಅದು ಇಮೊಬಿಲೈಸರ್ ತಕರಾರು, ದಾರಿ ಬೇರೆ.

ಕೀಲಿ ಸ್ವಿಚ್ಚಿಗೇ ಸೇರಿದ ಇನ್ನೊಂದು ಪಕ್ಕಾ ಲಕ್ಷಣವಿದೆ. ಸ್ಟಾರ್ಟ್‌ನಲ್ಲಿ ಹಿಡಿದಿರುವಷ್ಟು ಹೊತ್ತು ಎಂಜಿನ್ ಹೊತ್ತಿಕೊಳ್ಳುತ್ತದೆ, ಕೈ ಬಿಟ್ಟ ಕೂಡಲೇ ಆರಿಹೋಗುತ್ತದೆ. ಸ್ಟಾರ್ಟ್‌ನಲ್ಲಿ ಕಿಡಿಗೆ ಕರೆಂಟು ಸಿಗುತ್ತಿದೆ, ಆನ್‌ಗೆ ಹಿಂದಿರುಗಿದಾಗ ಸಿಗುತ್ತಿಲ್ಲ ಎಂದು ಇದರ ಅರ್ಥ. ಕಾಯಿಲ್ ಜೊತೆ ಬ್ಯಾಲಾಸ್ಟ್ ರೆಸಿಸ್ಟರ್ ಇರುವ ಹಳೆಯ ಗಾಡಿಗಳಲ್ಲಿ ಮಾತ್ರ ಅದು ಸುಟ್ಟುಹೋದರೂ ಹೀಗೇ ಆಗುತ್ತದೆ. ಆದ್ದರಿಂದ ಅಂಥ ಗಾಡಿಯಲ್ಲಿ ಮೊದಲು ಅದನ್ನು ನೋಡಿಬಿಡಿ.

ಇನ್ನು ರೇಡಿಯೊ. ಸ್ಟಾರ್ಟ್ ಮಾಡುವ ಹೊತ್ತಿಗೆ ರೇಡಿಯೊ ಸುಮ್ಮನಾಗಿ, ಕೀಲಿ ಬಿಟ್ಟಾಗ ಮತ್ತೆ ಮಾತಾಡುವುದು ಸಹಜ. ಬ್ಯಾಟರಿಯ ಶಕ್ತಿಯೆಲ್ಲ ಸ್ಟಾರ್ಟರಿಗೆ ಸಿಗಲೆಂದು ಸ್ವಿಚ್ಚೇ ಹಾಗೆ ಮಾಡುತ್ತದೆ. ಓಡುವಾಗ ಗುಂಡಿಗೆ ಇಳಿದು ಬರೀ ರೇಡಿಯೊ ನಿಂತರೆ ಎ.ಸಿ.ಸಿ. ದಾರಿಯಲ್ಲಿ ಅಥವಾ ಸೆಟ್ಟಿನ ತಂತಿಯಲ್ಲಿ ಸಡಿಲ. ಆದರೆ ರೇಡಿಯೊ, ವೈಪರು, ಡ್ಯಾಶ್‌ಬೋರ್ಡಿನ ಮುಳ್ಳುಗಳು, ಎಂಜಿನ್ನು ಎಲ್ಲವೂ ಒಟ್ಟಿಗೆ ಒಂದು ಕ್ಷಣ ಕೈಕೊಟ್ಟು ಮತ್ತೆ ಬಂದರೆ ಅವೆಲ್ಲಕ್ಕೂ ಸಾಮಾನ್ಯವಾದ ಜಾಗ ಕೀಲಿ ಸ್ವಿಚ್ಚು ಅಥವಾ ಅದಕ್ಕೆ ಬರುವ ಮುಖ್ಯ ತಂತಿ. ಇದನ್ನು ನಿರ್ಲಕ್ಷಿಸಬೇಡಿ.

ಇಂಜೆಕ್ಷನ್ ಗಾಡಿಯಾದರೆ, ಅಂದರೆ 2000ದಿಂದ ಬಂದ ಎಂ.ಪಿ.ಎಫ್.ಐ. ಮಾರುತಿ 800ರಂಥದ್ದಾದರೆ, ಕೀಲಿಯನ್ನು ಆನ್‌ಗೆ ತಂದಾಗ ಹಿಂದಿನಿಂದ ಪೆಟ್ರೋಲ್ ಪಂಪು ಎರಡು ಸೆಕೆಂಡು "ಜುಂಯ್" ಎನ್ನುವುದು ಕೇಳುತ್ತದೆ. ಒಮ್ಮೆ ಕೇಳಿಸಿ, ಒಮ್ಮೆ ಕೇಳಿಸದೇ ಹೋದರೆ ಅದೂ ಒಂದು ಸುಳಿವು.

ಎರಡನೆಯದು, ಕೈಯಲ್ಲಿ ಹಿಡಿಯುವ ಮೀಟರು

ಕಿವಿ ಹೇಳಿದ್ದನ್ನು ಒಂದು ಸಾಧಾರಣ ಮಲ್ಟಿಮೀಟರಿನಿಂದ ಖಾತ್ರಿ ಮಾಡಿಕೊಳ್ಳಿ. ಡಿ.ಸಿ. 20 ವೋಲ್ಟಿಗೆ ತಿರುಗಿಸಿ. ಸಹಾಯಕ್ಕೆ ಮನೆಯವರೊಬ್ಬರು ಇರಲಿ. ಗಾಡಿ ನ್ಯೂಟ್ರಲ್‌ನಲ್ಲೇ ಇರಬೇಕು. ತಿರುಗುವ ಫ್ಯಾನು, ಬೆಲ್ಟಿನಿಂದ ಸೀರೆಯ ಸೆರಗು, ದುಪಟ್ಟಾ, ತೋಳು ದೂರವಿರಲಿ.

ಒಂದು: ಬ್ಯಾಟರಿಯ ಎರಡು ಟರ್ಮಿನಲ್ ಮೇಲೆ ಅಳೆಯಿರಿ. ರಾತ್ರಿಯಿಡೀ ನಿಂತಿದ್ದ ಒಳ್ಳೆಯ ಬ್ಯಾಟರಿ 12.6 ವೋಲ್ಟಿನ ಆಸುಪಾಸು ತೋರಿಸುತ್ತದೆ. 12ಕ್ಕಿಂತ ಕೆಳಗಿದ್ದರೆ ಮೊದಲು ಚಾರ್ಜ್ ಮಾಡಿಸಿ, ಆಮೇಲೆ ಮುಂದಿನ ಮಾತು.

ಎರಡು: ಸ್ಟಾರ್ಟರಿನ ಸಾಲೆನಾಯ್ಡಿಗೆ ಒಂದು ದಪ್ಪ ಕೇಬಲ್ಲೂ ಒಂದು ತೆಳು ತಂತಿಯೂ ಬರುತ್ತವೆ. ತೆಳು ತಂತಿಗೆ ಕೆಂಪು ಕಡ್ಡಿ, ಎಂಜಿನ್ನಿನ ಲೋಹಕ್ಕೆ ಕಪ್ಪು ಕಡ್ಡಿ ಹಿಡಿಯಿರಿ. ಒಳಗಿದ್ದವರು ಕೀಲಿಯನ್ನು ಸ್ಟಾರ್ಟ್‌ಗೆ ತಿರುಗಿಸಲಿ. ಬ್ಯಾಟರಿಯಷ್ಟೇ ವೋಲ್ಟು ಬಂದು ಸ್ಟಾರ್ಟರ್ ಮೌನವಾಗಿದ್ದರೆ ನಿಮ್ಮ ಮೆಕ್ಯಾನಿಕ್ ಹೇಳಿದ್ದು ನಿಜ, ಸೆಲ್ಫೇ ಹೋಗಿದೆ. ಏನೂ ಬಾರದಿದ್ದರೆ, ಅಥವಾ 6, 7 ಎಂದು ಕುಂಟುತ್ತಾ ಬಂದರೆ, ಸೆಲ್ಫ್ ನಿರಪರಾಧಿ. ತಪ್ಪು ಅದಕ್ಕಿಂತ ಹಿಂದೆ ಇದೆ. ಈ ಒಂದು ಅಳತೆಯೇ ಅನಾವಶ್ಯಕ ಖರ್ಚನ್ನು ತಪ್ಪಿಸುತ್ತದೆ.

ಮೂರು: ಸ್ಟೀರಿಂಗ್ ಕಾಲಮ್ಮಿನ ಪ್ಲಾಸ್ಟಿಕ್ ಮುಚ್ಚಳ ತೆಗೆದು, ಸ್ವಿಚ್ಚಿನಿಂದ ಇಳಿಯುವ ತಂತಿಗಳು ಕೂಡುವ ಕನೆಕ್ಟರನ್ನು ಹುಡುಕಿ. ಕನೆಕ್ಟರಿನ ಹಿಂಬದಿಯಿಂದ, ತಂತಿ ಒಳಹೋಗುವ ಕಡೆ ಕಡ್ಡಿಯ ಮೊನೆ ತಾಗಿಸಿ. ಬ್ಯಾಟರಿಯಿಂದ ಬರುವ ತಂತಿಯಲ್ಲಿ ಕೀಲಿ ಇಲ್ಲದಿದ್ದರೂ ಸದಾ 12 ವೋಲ್ಟು ಇರಬೇಕು. ಅಲ್ಲಿಯೇ ಇಲ್ಲದಿದ್ದರೆ ಸ್ವಿಚ್ಚನ್ನು ದೂರಬೇಡಿ. ಮುಖ್ಯ ಫ್ಯೂಸು, ತಂತಿ ನೋಡಿ.

ನಾಲ್ಕು: ಇದೇ ನಿಜವಾದ ಪರೀಕ್ಷೆ. ಕೀಲಿ ಆನ್ ಮಾಡಿ, ಬ್ಲೋವರನ್ನು ಪೂರ್ತಿ ಇಟ್ಟು ವೈಪರನ್ನೂ ಓಡಿಸಿ. ಮೀಟರಿನ ಒಂದು ಕಡ್ಡಿ ಬ್ಯಾಟರಿಯಿಂದ ಬರುವ ತಂತಿಗೆ, ಇನ್ನೊಂದು ಬ್ಲೋವರಿನ ಕಡೆಗೆ ಹೊರಡುವ ತಂತಿಗೆ. ಆನ್‌ನಲ್ಲಿ ಕರೆಂಟು ಬರುವ ತಂತಿಗಳು ಎರಡಿದ್ದರೆ ಎರಡನ್ನೂ ಅಳೆಯಿರಿ. ಮೀಟರು ತೋರಿಸುವುದು ಸ್ವಿಚ್ಚು ನುಂಗಿಹಾಕುತ್ತಿರುವ ವೋಲ್ಟು. ಒಳ್ಳೆಯ ಸ್ವಿಚ್ಚಿನಲ್ಲಿ ಅದು 0.2ರೊಳಗೆ ಇರುತ್ತದೆ. ಅರ್ಧ ವೋಲ್ಟು ದಾಟಿದರೆ, ಕೀಲಿ ಅಲುಗಿಸಿದಾಗ ಅಂಕಿ ಕುಣಿದರೆ, ಸ್ವಿಚ್ಚು ಬದಲಿಸುವ ಕಾಲ ಬಂದಿದೆ.

ಕೆಲವರು ಸ್ವಿಚ್ಚನ್ನು ಬಿಚ್ಚಿ, ಮೀಟರನ್ನು "ಬೀಪ್" ಸ್ಥಾನದಲ್ಲಿಟ್ಟು ನೋಡಿ, ಬೀಪ್ ಬಂತು ಎಂದು ಒಳ್ಳೆಯ ಸ್ವಿಚ್ಚೆಂದು ತೀರ್ಮಾನಿಸುತ್ತಾರೆ. ಅದು ಮೋಸದ ಪರೀಕ್ಷೆ. ಬೀಪಿಗೆ ಬೇಕಾದ ಕರೆಂಟು ಅತ್ಯಲ್ಪ. ಕೂದಲೆಳೆಯಷ್ಟು ತಾಗಿದ್ದರೂ ಬೀಪ್ ಬರುತ್ತದೆ. ಅದೇ ಜಾಗಕ್ಕೆ 10 ಆಂಪಿಯರ್ ಹೊರೆ ಬಿದ್ದಾಗ ಬಣ್ಣ ಬಯಲಾಗುತ್ತದೆ. ಖಾಲಿ ಬುಟ್ಟಿ ಎತ್ತಿದವನೆಲ್ಲ ಮೂಟೆ ಎತ್ತಲಾರ.

ನಾಳೆ ನೋಡೋಣ ಎನ್ನಬೇಡಿ

ಸ್ಟಾರ್ಟ್ ಆಗದೇ ಮನೆ ಮುಂದೆ ನಿಲ್ಲುವ ಗಾಡಿ ಬರೀ ಕಿರಿಕಿರಿ. ಫ್ಲೈಓವರಿನ ಮೇಲೆ, ಹಿಂದೆ ಲಾರಿ ಬರುತ್ತಿರುವಾಗ ಆರಿಹೋಗುವ ಗಾಡಿ ಅಪಾಯ. ಎಂಜಿನ್ ನಿಂತರೆ ಪವರ್ ಸ್ಟೀರಿಂಗ್ ಭಾರವಾಗುತ್ತದೆ, ಬ್ರೇಕಿನ ಬೂಸ್ಟರಿಗೆ ಉಳಿಯುವ ನೆರವು ಒಂದೆರಡು ತುಳಿತಕ್ಕಷ್ಟೇ.

ಈ ಮಾತಿಗೆ ಅಮೆರಿಕದ ಒಂದು ದೊಡ್ಡ ಪ್ರಕರಣ ಸಾಕ್ಷಿ. 2014ರಲ್ಲಿ ಜನರಲ್ ಮೋಟಾರ್ಸ್ ಕಂಪನಿ ಷೆವ್ರೊಲೆ ಕೋಬಾಲ್ಟ್, ಸ್ಯಾಟರ್ನ್ ಅಯಾನ್ ಮೊದಲಾದ ಸುಮಾರು 26 ಲಕ್ಷ ಕಾರುಗಳನ್ನು ಕೀಲಿ ಸ್ವಿಚ್ಚಿನ ದೋಷಕ್ಕಾಗಿ ವಾಪಸು ಕರೆಯಿತು. ಅಲ್ಲಿ ತಾಮ್ರ ಸುಟ್ಟಿರಲಿಲ್ಲ. ಕೀಲಿಯನ್ನು ಆನ್‌ನಲ್ಲಿ ಹಿಡಿದಿಡಬೇಕಾದ ಒಳಗಿನ ಸ್ಪ್ರಿಂಗಿನ ಹಿಡಿತ ಸಡಿಲವಿತ್ತು. ಭಾರದ ಕೀಲಿಗೊಂಚಲು ತೂಗಿದರೆ, ಗಾಡಿ ಕುಲುಕಿದರೆ, ಮೊಣಕಾಲು ತಾಗಿದರೆ ಕೀಲಿ ಆನ್‌ನಿಂದ ಎ.ಸಿ.ಸಿ.ಗೆ ಜಾರುತ್ತಿತ್ತು. ಎಂಜಿನ್ ಆರುತ್ತಿತ್ತು, ಅಪಘಾತವಾದಾಗ ಏರ್‌ಬ್ಯಾಗ್ ಕೂಡ ತೆರೆಯುತ್ತಿರಲಿಲ್ಲ. ಈ ದೋಷಕ್ಕಾಗಿ ಸ್ಥಾಪಿಸಿದ ಪರಿಹಾರ ನಿಧಿ 124 ಸಾವುಗಳ ಅರ್ಜಿಗಳನ್ನು ಒಪ್ಪಿತು. 2015ರಲ್ಲಿ ಕಂಪನಿ ಅಮೆರಿಕ ಸರ್ಕಾರಕ್ಕೆ 90 ಕೋಟಿ ಡಾಲರ್ ಕೊಡಲು ಒಪ್ಪಿಕೊಂಡಿತು. ದುರಸ್ತಿಯಾಗುವವರೆಗೆ ಗೊಂಚಲು ತೆಗೆದು ಒಂಟಿ ಕೀಲಿಯನ್ನಷ್ಟೇ ಬಳಸಿ ಎಂಬುದು ಮಾಲೀಕರಿಗೆ ಕೊಟ್ಟ ಮೊದಲ ಸಲಹೆ.

ನಮ್ಮ ಗಾಡಿಯ ಸ್ವಿಚ್ಚು ಬೇರೆ, ಕಂಪನಿ ಬೇರೆ. ಆದರೆ ಸವೆದ ಸ್ವಿಚ್ಚಿಗೆ ಗೊಂಚಲಿನ ಭಾರ ಆಗಿಬರುವುದಿಲ್ಲ ಎಂಬ ಮಾತು ಎಲ್ಲ ಗಾಡಿಗೂ ಒಂದೇ. ಮನೆ ಬೀಗ, ಗೋದ್ರೇಜ್ ಬೀರು, ಆಫೀಸಿನ ಡ್ರಾಯರ್, ಮೇಲೊಂದು ಹಿತ್ತಾಳೆ ಗಣಪತಿ ಇರುವ ಗೊಂಚಲಿನಿಂದ ಕಾರಿನ ಕೀಲಿಯನ್ನು ಇವತ್ತೇ ಬೇರ್ಪಡಿಸಿ. ಇದಕ್ಕೆ ಖರ್ಚಿಲ್ಲ.

ಓಡುವಾಗ ಗಾಡಿ ಆರಿಹೋದರೆ ಗಾಬರಿ ಬೇಡ. ಕೀಲಿಯನ್ನು ಲಾಕ್ ಕಡೆ ತಿರುಗಿಸಬೇಡಿ, ಹೊರಗೆಳೆಯಲೇಬೇಡಿ, ಸ್ಟೀರಿಂಗ್ ಬಿಗಿದುಕೊಳ್ಳುತ್ತದೆ. ಹಜಾರ್ಡ್ ಲೈಟ್ ಒತ್ತಿ. ಅದರ ಕರೆಂಟು ಸಾಮಾನ್ಯವಾಗಿ ಕೀಲಿಯ ಮೂಲಕ ಬರುವುದಿಲ್ಲ. ಬ್ರೇಕನ್ನು ಪದೇ ಪದೇ ಪಂಪ್ ಮಾಡದೆ ಒಂದೇ ಸಮನೆ ಒತ್ತಿಹಿಡಿಯಿರಿ. ಸ್ಟೀರಿಂಗನ್ನು ಎರಡೂ ಕೈಯಿಂದ ಬಲವಾಗಿ ತಿರುಗಿಸುತ್ತಾ ಎಡಕ್ಕೆ ಬಂದು ನಿಲ್ಲಿಸಿ.

ಬದಲಿಸುವ ಕ್ರಮ

ಮಾರುತಿ 800ರಂತಹ ಸರಳ ಗಾಡಿಯಲ್ಲಿ ಇದು ಒಂದು ಭಾನುವಾರದ ಕೆಲಸ. 10 ನಂಬರ್ ಸ್ಪ್ಯಾನರ್, ಚಿಕ್ಕದೂ ದೊಡ್ಡದೂ ಸ್ಟಾರ್ ಸ್ಕ್ರೂಡ್ರೈವರ್, ಒಂದು ಚಪ್ಪಟೆ ಸ್ಕ್ರೂಡ್ರೈವರ್, ಒಂದು ಟಾರ್ಚು ಸಾಕು. ಏರ್‌ಬ್ಯಾಗ್ ಅಥವಾ ಇಮೊಬಿಲೈಸರ್ ಇರುವ ಗಾಡಿಯಾದರೆ ಪರೀಕ್ಷೆಯವರೆಗೆ ನೀವು ಮಾಡಿ, ಬಿಚ್ಚುವ ಕೆಲಸ ಬಲ್ಲವರಿಗೆ ಬಿಡಿ.

ಕೀಲಿ ಹೊರತೆಗೆದು, ಬ್ಯಾಟರಿಯ ನೆಗೆಟಿವ್ ಟರ್ಮಿನಲ್ ಮೊದಲು ಕಳಚಿ ಪಕ್ಕಕ್ಕಿಡಿ. ಬ್ಯಾಟರಿಯಿಂದ ಬರುವ ತಂತಿ ಈ ಸ್ವಿಚ್ಚಿನಲ್ಲಿ ಸದಾ ಜೀವಂತ. ಅದು ಲೋಹಕ್ಕೆ ತಾಗಿದರೆ ವೈರಿಂಗೇ ಸುಡಬಹುದು.

ಸ್ಟೀರಿಂಗ್ ಕಾಲಮ್ಮಿನ ಮುಚ್ಚಳದ ಸ್ಕ್ರೂಗಳನ್ನು ಕೆಳಗಿನಿಂದ ಬಿಚ್ಚಿ ಎರಡು ಹೋಳು ಮಾಡಿ ತೆಗೆಯಿರಿ. ಹಳೆಯ ಪ್ಲಾಸ್ಟಿಕ್ಕು ಬಿಸ್ಕತ್ತಿನಂತೆ ಮುರಿಯುತ್ತದೆ, ಒತ್ತಾಯ ಮಾಡಬೇಡಿ. ತಂತಿಗಳ ಬಣ್ಣ, ಜಾಗ ತಿಳಿಯುವಂತೆ ಮೊಬೈಲಿನಲ್ಲಿ ಎರಡು ಫೋಟೊ ತೆಗೆದುಕೊಳ್ಳಿ.

ಕನೆಕ್ಟರಿನ ಕೊಂಡಿ ಒತ್ತಿ ಬೇರ್ಪಡಿಸಿ. ತಂತಿ ಹಿಡಿದು ಎಳೆಯಬೇಡಿ. ಒಳಗಿನ ಪಿನ್ನುಗಳನ್ನು ಟಾರ್ಚು ಬಿಟ್ಟು ನೋಡಿ. ಕಂದುಬಣ್ಣಕ್ಕೆ ತಿರುಗಿದ್ದರೆ, ಪ್ಲಾಸ್ಟಿಕ್ಕು ಕರಗಿದ್ದರೆ ಕನೆಕ್ಟರನ್ನೂ ಬದಲಿಸಬೇಕು. ಹೊಸ ಸ್ವಿಚ್ಚು, ಸುಟ್ಟ ಕನೆಕ್ಟರು ಎರಡೂ ಸೇರಿದರೆ ಕೆಲವೇ ತಿಂಗಳಲ್ಲಿ ಮೊದಲಿನ ಕಥೆಯೇ. ಸೇರಿಸುವ ತಂತಿ ಹಳೆಯದರಷ್ಟೇ ದಪ್ಪವಿರಲಿ.

ಸ್ವಿಚ್ಚು ಬೀಗದ ಬೆನ್ನಿಗೆ ಒಂದೆರಡು ಸಣ್ಣ ಸ್ಕ್ರೂಗಳಿಂದ ಕೂತಿರುತ್ತದೆ. ಬಿಚ್ಚುವ ಮುನ್ನ ನಾಲಿಗೆ, ಗಾಡಿ ಯಾವ ದಿಕ್ಕಿಗೆ ನಿಂತಿವೆ ಎಂದು ಗುರುತಿಸಿಕೊಳ್ಳಿ. ಸ್ಕ್ರೂ ಕೆಳಗೆ ಬಿದ್ದರೆ ಸಿಗುವುದು ಕಷ್ಟ, ಕಾಲ ಬಳಿ ಒಂದು ಹಳೆ ಬಟ್ಟೆ ಹಾಸಿ.

ಹೊಸ ಸ್ವಿಚ್ಚನ್ನು ಕೂರಿಸುವ ಮುನ್ನ ಒಂದು ಸುಲಭ ಪರೀಕ್ಷೆ ಮಾಡಿ. ಅದನ್ನು ಕನೆಕ್ಟರಿಗೆ ಮಾತ್ರ ಸೇರಿಸಿ, ಬ್ಯಾಟರಿ ಮತ್ತೆ ಜೋಡಿಸಿ, ಗಾಡಿ ನ್ಯೂಟ್ರಲ್‌ನಲ್ಲಿದೆಯೇ ನೋಡಿ, ಸ್ವಿಚ್ಚಿನ ಗಾಡಿಯನ್ನು ಚಪ್ಪಟೆ ಸ್ಕ್ರೂಡ್ರೈವರಿನಿಂದ ತಿರುಗಿಸಿ. ದೀಪ ಹೊತ್ತಿ, ಸೆಲ್ಫ್ ತೆಗೆದುಕೊಂಡರೆ ನಿಮ್ಮ ತೀರ್ಮಾನ ಸರಿ. ಮತ್ತೆ ನೆಗೆಟಿವ್ ಕಳಚಿ, ಗುರುತಿನ ಪ್ರಕಾರ ನಾಲಿಗೆಗೆ ಹೊಂದಿಸಿ ಸ್ವಿಚ್ಚು ಕೂರಿಸಿ. ಅದು ತಾನಾಗಿಯೇ ಸಮನಾಗಿ ಕೂರಬೇಕು. ಸ್ಕ್ರೂ ಬಿಗಿದು ಕೂರಿಸಲು ಹೋದರೆ ಪ್ಲಾಸ್ಟಿಕ್ ಸೀಳುತ್ತದೆ.

ಮುಚ್ಚಳ ಹಾಕುವ ಮುನ್ನ ನಾಲ್ಕೂ ಸ್ಥಾನ ಪರೀಕ್ಷಿಸಿ. ಎ.ಸಿ.ಸಿ.ಯಲ್ಲಿ ರೇಡಿಯೊ ಬರಬೇಕು. ಆನ್‌ನಲ್ಲಿ ಬ್ಯಾಟರಿ, ಆಯಿಲ್ ದೀಪಗಳು ಹೊತ್ತಬೇಕು. ಸ್ಟಾರ್ಟ್‌ನಿಂದ ಕೈ ಬಿಟ್ಟ ಕೂಡಲೇ ಕೀಲಿ ಹಿಂದೆ ಬರಬೇಕು. ಬಾರದಿದ್ದರೆ ಸ್ಟಾರ್ಟರ್ ಎಂಜಿನ್ನಿನ ಜೊತೆ ತಿರುಗುತ್ತಲೇ ಇದ್ದು ಸುಟ್ಟುಹೋಗುತ್ತದೆ. ಕೊನೆಗೆ ಸ್ಟೀರಿಂಗನ್ನು ಎಡಬಲ ಪೂರ್ತಿ ತಿರುಗಿಸಿ, ತಂತಿ ಎಲ್ಲೂ ಸಿಕ್ಕುತ್ತಿಲ್ಲ ಎಂದು ನೋಡಿ.

ಸವೆದಿರುವುದು ಬೀಗವೇ ಆದರೆ ಮಾತು ಬೇರೆ. ಕಳ್ಳತನ ತಪ್ಪಿಸಲೆಂದೇ ಅದನ್ನು ಅನೇಕ ಗಾಡಿಗಳಲ್ಲಿ ತಲೆ ಮುರಿದುಹೋಗುವ ಬೋಲ್ಟುಗಳಿಂದ ಕಟ್ಟಿರುತ್ತಾರೆ. ಡ್ರಿಲ್ ಮಾಡಿಯೇ ತೆಗೆಯಬೇಕು. ಅದನ್ನು ಗ್ಯಾರೇಜಿಗೆ ಬಿಡಿ. ಬೀಗ ಬದಲಾದರೆ ಬಾಗಿಲಿಗೊಂದು, ಇಗ್ನಿಷನ್ನಿಗೊಂದು ಕೀಲಿಯಾಗುತ್ತದೆ. ಒಂದೇ ಕೀಲಿ ಬೇಕಿದ್ದರೆ ಪೂರ್ತಿ ಲಾಕ್ ಸೆಟ್ ಕೇಳಬೇಕು.

ಅಂಗಡಿಯಲ್ಲಿ ಏನು ಕೇಳಬೇಕು?

ಹಳೆಯ ಸ್ವಿಚ್ಚನ್ನು ಕೈಯಲ್ಲಿ ಹಿಡಿದೇ ಹೋಗಿ. ಮುಂಬಯಿಯಲ್ಲಿ ಕುರ್ಲಾದ ಸಿ.ಎಸ್.ಟಿ. ರೋಡು, ಪುಣೆಯಲ್ಲಿ ನಾನಾ ಪೇಟೆ, ಚೆನ್ನೈಯಲ್ಲಿ ಜನರಲ್ ಪ್ಯಾಟರ್ಸ್ ರೋಡು ಮತ್ತು ಪುದುಪೇಟೆ, ದೆಹಲಿಯಲ್ಲಿ ಕಾಶ್ಮೀರಿ ಗೇಟ್ ಬಿಡಿಭಾಗಗಳಿಗೆ ಹೆಸರಾದ ಜಾಗಗಳು. ರಜೆಗೆ ಬೆಂಗಳೂರಿಗೆ ಹೋಗುವವರಿಗೆ ಜೆ.ಸಿ. ರೋಡು ಇದ್ದೇ ಇದೆ. ಮಾರುತಿ 800 ತಯಾರಿಕೆ 2014ರಲ್ಲೇ ನಿಂತಿತು. ಹಳೆಯ ಗಾಡಿಯ ಮಾಡೆಲ್, ವರ್ಷ, ಕಾರ್ಬುರೇಟರೋ ಇಂಜೆಕ್ಷನ್ನೋ ಎಂಬುದನ್ನು ಹೇಳಿಯೇ ಕೇಳಿ. ನಿಮಗೆ ಬೇಕಾದದ್ದು ಬರೀ ಸ್ವಿಚ್ಚೋ, ಬೀಗ ಸಮೇತವೋ ಎಂಬುದನ್ನೂ ಸ್ಪಷ್ಟ ಮಾಡಿ. ಕನೆಕ್ಟರಿನ ಪಿನ್ನುಗಳನ್ನು ಎಣಿಸಿ ಹೋಲಿಸಿ. ಗುಜರಿಯಿಂದ ಬಂದ ಹಳೆ ಸ್ವಿಚ್ಚು ಬೇಡ. ಅದೂ ನಿಮ್ಮದರಷ್ಟೇ ವಯಸ್ಸಾದದ್ದು.

ಮಾಡಬಾರದ್ದು, ಮಾಡಬಹುದಾದದ್ದು

ಸ್ವಿಚ್ಚು ಸಿಗಲಿಲ್ಲವೆಂದು ಡ್ಯಾಶ್‌ಬೋರ್ಡಿಗೆ ಮನೆಯ ಕರೆಗಂಟೆಯಂಥ ಬಟನ್ ಹಾಕಿ, ತಂತಿ ನೇರ ಸುತ್ತಿ ಕೊಡುವವರಿದ್ದಾರೆ. ಒಪ್ಪಬೇಡಿ. ಅಂಥ ಬಟನ್ ಈ ಹೊರೆಗೆ ತಯಾರಾದದ್ದಲ್ಲ, ಬೆಂಕಿಗೆ ದಾರಿ. ಮೇಲಾಗಿ ಕೀಲಿಯಿಲ್ಲದ ಗಾಡಿ ಕಳ್ಳನಿಗೆ ಕೊಟ್ಟ ವೀಳ್ಯ. ಫ್ಯೂಸ್ ಪದೇ ಪದೇ ಹೋಗುತ್ತಿದೆ ಎಂದು ದೊಡ್ಡ ಫ್ಯೂಸ್ ಹಾಕುವುದೂ ಅಷ್ಟೇ ತಪ್ಪು.

ಬೀಗ ಬಿಗಿಯಾಗಿದೆ ಎಂದು ತೆಂಗಿನೆಣ್ಣೆ ಬಿಡುವ ಅಭ್ಯಾಸ ನಮ್ಮಲ್ಲಿ ಅನೇಕರಿಗಿದೆ. ತೆಂಗಿನೆಣ್ಣೆ ಸುಮಾರು 24 ಡಿಗ್ರಿಗಿಂತ ಕೆಳಗೆ ಹೆಪ್ಪುಗಟ್ಟುತ್ತದೆ. ಮಂಗಳೂರಿನ ಸೆಕೆಯಲ್ಲಿ ಜಾರುವ ಬೀಗ ದೆಹಲಿಯ ಜನವರಿಯಲ್ಲಿ ಹಠ ಹಿಡಿಯುತ್ತದೆ. ಎಲ್ಲಿದ್ದರೂ ಎಣ್ಣೆಗೆ ಧೂಳು ಅಂಟುತ್ತದೆ, ಹಿಂದಕ್ಕೆ ಹರಿದು ತಾಮ್ರಕ್ಕೂ ಮೆತ್ತಿಕೊಳ್ಳುತ್ತದೆ. ಬೀಗಕ್ಕೆ ಒಣ ಗ್ರಾಫೈಟ್ ಪುಡಿ ಒಳ್ಳೆಯದು.

ಹೊಸ ಸ್ವಿಚ್ಚು ಬಹುಕಾಲ ಬಾಳಬೇಕೆಂದರೆ ಸ್ಟಾರ್ಟರ್ ದಾರಿಗೆ ಒಂದು ನಾಲ್ಕು ಪಿನ್ನಿನ ರಿಲೇ ಹಾಕಿಸಿ. ಸ್ವಿಚ್ಚಿನಿಂದ ಬರುವ ತಂತಿ 86ಕ್ಕೆ, 85 ಅರ್ತ್‌ಗೆ, ಬ್ಯಾಟರಿಯಿಂದ 30 ಆಂಪಿಯರ್ ಫ್ಯೂಸ್ ಮೂಲಕ 30ಕ್ಕೆ, 87ರಿಂದ ಸಾಲೆನಾಯ್ಡಿಗೆ. ಈ ಅಂಕಿಗಳು ರಿಲೇಯ ತಳದಲ್ಲೇ ಅಚ್ಚಾಗಿರುತ್ತವೆ. ಆಮೇಲೆ ಭಾರ ಹೊರುವುದು ರಿಲೇ, ಕೀಲಿ ಸ್ವಿಚ್ಚು ಬರೀ ಅಪ್ಪಣೆ ಕೊಡುತ್ತದೆ. ಹಾರ್ನು, ಫಾಗ್ ಲ್ಯಾಂಪುಗಳಿಗೂ ಪ್ರತ್ಯೇಕ ರಿಲೇ ಇರಲಿ.

ಊರಿಂದ ದೂರ ಬಂದು ಸಂಸಾರ ಹೂಡಿದಾಗ ಮೊದಲು ಕೊಂಡ ಕಾರನ್ನು ಮಾರಲು ಮನಸ್ಸಾಗದೆ ಇಟ್ಟುಕೊಂಡವರು ನಮ್ಮ ಕೇಳುಗರಲ್ಲಿ ಬಹಳ ಮಂದಿ ಇರಬಹುದು. ಹಾಗೆ ಇಟ್ಟುಕೊಂಡ ಗಾಡಿ ಮಕ್ಕಳು ಮೊಮ್ಮಕ್ಕಳನ್ನು ಕೂರಿಸಿಕೊಂಡು ಓಡುವಾಗ ನಡುರಸ್ತೆಯಲ್ಲಿ ಕೈಕೊಡಬಾರದು. ಈ ಭಾನುವಾರ ಗೊಂಚಲು ಬಿಚ್ಚಿ, ಹೆಡ್‌ಲೈಟ್ ಹಾಕಿ, ಒಮ್ಮೆ ಕೀಲಿ ತಿರುಗಿಸಿ ಕೇಳಿ ನೋಡಿ. ಗಾಡಿ ತನ್ನ ಕಾಯಿಲೆಯನ್ನು ತಾನೇ ಹೇಳುತ್ತದೆ. ಮುಂದಿನ ಸಲ ದಾರಿಯಲ್ಲಿ ರೇಡಿಯೊ ತಟ್ಟನೆ ನಿಂತರೆ ನಮ್ಮನ್ನು ಬೈಯುವ ಮುನ್ನ ಡ್ಯಾಶ್‌ಬೋರ್ಡಿನ ದೀಪಗಳ ಕಡೆ ಒಮ್ಮೆ ಕಣ್ಣು ಹಾಯಿಸಿ.